ಇಲಾಖಾ ವಿಚಾರಣೆಗೆ ತಯಾರಿ ಮಾಡಿಸೋ ಆಫೀಸು: ಎರಡು ವರ್ಷ ಓಡಾಡಿದ ಮೇಲೆ ನನ್ನ ರಿವ್ಯೂ

ಐದಕ್ಕೆ ನಾಲ್ಕು ಸ್ಟಾರ್ ಕೊಡ್ತಿದೀನಿ. ಹೆಸರು, ಫೋನ್ ನಂಬರ್ ಹಾಕ್ತಿಲ್ಲ, ಅವರೇ ಬೇಡ ಅಂದಿದಾರೆ, ಈಗ ಇರೋರಿಗೇ ಟೈಮ್ ಸಾಲ್ತಿಲ್ಲ ಅಂತ. ನಮ್ಮ ಜಿಲ್ಲಾ ಕೇಂದ್ರದಲ್ಲಿ ನೌಕರರ ಸಂಘದವರನ್ನ ಯಾರನ್ನ ಕೇಳಿದ್ರೂ ದಾರಿ ತೋರಿಸ್ತಾರೆ. ಹಳೇ ಬಿಲ್ಡಿಂಗ್, ಎರಡನೇ ಮಹಡಿ, ಲಿಫ್ಟ್ ಇಲ್ಲ, ಒಂದೇ ರೂಮು. ಶಿರಸ್ತೇದಾರ್ ಆಗಿ ರಿಟೈರ್ ಆದ ಹಿರಿಯರೊಬ್ರು, ಅವರ ಜೊತೆ ಲಾಯರ್ ಮೇಡಂ ಒಬ್ರು, ಟೈಪಿಂಗಿಗೆ ಒಬ್ಬ ಹುಡುಗ. ಇಷ್ಟೇ ಆಫೀಸು.

ನಾನು ಪ್ರಥಮ ದರ್ಜೆ ಸಹಾಯಕಿ, ಹದಿನಾಲ್ಕು ವರ್ಷ ಸರ್ವಿಸು. ಯಾವ ಇಲಾಖೆ ಅಂತ ಹೇಳಲ್ಲ. ಒಂದಿನ ಮಧ್ಯಾಹ್ನ ಮುದ್ದಾಂ ಟಪಾಲಲ್ಲಿ ದೋಷಾರೋಪಣಾ ಪಟ್ಟಿ ಬಂತು, ಸ್ವೀಕೃತಿಗೆ ಸಹಿ ಹಾಕುವಾಗ ಕೈ ಎಷ್ಟು ನಡುಗ್ತಿತ್ತು ಅಂದ್ರೆ ತಾರೀಖು ತಪ್ಪು ಬರ್ದು ಹೊಡೆದು ಮತ್ತೆ ಬರ್ದೆ. ಎರಡು ಆರೋಪ. ಒಂದು, ಪರಿಹಾರದ ಕಡತ ಒಂದನ್ನ ಏಳು ತಿಂಗಳು ಮಂಡಿಸದೆ ಇಟ್ಕೊಂಡಿದ್ದೀನಿ ಅಂತ. ಇನ್ನೊಂದು, ವಿಲೇವಾರಿ ವಹಿ, ಅಂದ್ರೆ ಮುಗಿದ ಕಡತಗಳನ್ನ ಬರೆದಿಡೋ ರಿಜಿಸ್ಟರ್, ಕಳೆದು ಹಾಕಿ ಸರ್ಕಾರಕ್ಕೆ ನಷ್ಟ ಮಾಡಿದೀನಿ ಅಂತ. ಕೊನೇಲಿ ಎಲ್ಲರ ಪಟ್ಟಿಯಲ್ಲೂ ಇರೋ ಆ ಸಾಲು, ಸರ್ಕಾರಿ ನೌಕರರಿಗೆ ತರವಲ್ಲದ ರೀತಿಯಲ್ಲಿ ವರ್ತಿಸಿ ಕರ್ತವ್ಯಲೋಪ ಎಸಗಿರುತ್ತೀರಿ. ನೂರು ಜನರ ಫೈಲಲ್ಲಿ ಈ ಸಾಲನ್ನ ನಾನೇ ನೋಡಿದೀನಿ, ನನ್ನ ಹೆಸರಿನ ಕೆಳಗೆ ನೋಡಿದಾಗ ಮಾತ್ರ ಅದರ ಅರ್ಥ ಗೊತ್ತಾಯ್ತು. ಆವತ್ತು ರಾತ್ರಿ ಊಟ ಸೇರಲಿಲ್ಲ.

ಆಫೀಸಲ್ಲಿ ಎಲ್ಲರೂ ಹೇಳಿದ್ದು ಒಂದೇ, ಒಪ್ಕೊಂಬಿಡಿ ಮೇಡಂ, ಒಂದು ಇನ್‌ಕ್ರಿಮೆಂಟ್ ಹೋಗುತ್ತೆ, ಮುಗೀತು, ಎದುರು ಮಾತಾಡಿದ್ರೆ ಎಳೀತಾರೆ. ಇನ್ನು ಕೆಲವರು ಮೇಲಿನವರನ್ನ ನೋಡ್ಕೊಳಿ ಅಂದ್ರು. ನಮ್ಮ ಪಕ್ಕದ ಸೆಕ್ಷನ್ನಿನ ಅಣ್ಣ ಒಬ್ರು ಮಾತ್ರ ಈ ಆಫೀಸಿನ ವಿಷಯ ಹೇಳಿ, ಒಂದ್ಸಲ ಪೇಪರ್ ತೋರಿಸಿ ಬನ್ನಿ, ಆಮೇಲೆ ಒಪ್ಕೊಳೋದೋ ಬಿಡೋದೋ ಯೋಚ್ನೆ ಮಾಡಿ ಅಂದ್ರು.

ಮೊದಲ ದಿನ ಐನೂರು ರೂಪಾಯಿ ತಗೊಂಡ್ರು, ರಸೀದಿ ಕೊಟ್ರು. ಪೂರ್ತಿ ಕೇಸಿಗೆ ಹನ್ನೆರಡು ಸಾವಿರ, ಮೂರು ಕಂತಲ್ಲಿ, ಜೆರಾಕ್ಸ್ ಖರ್ಚು ನಮ್ದೇ. ನಾನು ಕೂತ ತಕ್ಷಣ ಅಳ್ತಾ ಕಥೆ ಶುರು ಮಾಡ್ದೆ, ಯಾರಿಗೆ ನನ್ನ ಮೇಲೆ ಸಿಟ್ಟು, ಯಾಕೆ ಹಿಂಗೆ ಮಾಡಿದ್ರು ಅಂತೆಲ್ಲ. ಸರ್ ನೀರು ಕೊಟ್ರು, ಕೇಳಿಸ್ಕೊಂಡ್ರು, ಆಮೇಲೆ, "ನೋಡಮ್ಮ, ಇದೆಲ್ಲ ನಿಜ ಇರಬೋದು, ಆದ್ರೆ ವಿಚಾರಣೆಗೆ ಬರೋದು ಕಾಗದ ಮತ್ತೆ ಸಾಕ್ಷಿ, ಮೊದಲು ಪಟ್ಟಿ ಓದೋಣ" ಅಂತ ಪೆನ್ಸಿಲ್ ತಗೊಂಡ್ರು. ದೋಷಾರೋಪಣೆಯ ಒಂದೊಂದು ಸಾಲಿಗೂ ಪಕ್ಕದಲ್ಲಿ ನಂಬರ್ ಹಾಕಿದ್ರು. ಈ ಸಾಲಿಗೆ ದಾಖಲೆ ಯಾವುದು, ಸಾಕ್ಷಿ ಯಾರು ಅಂತ ಅನುಬಂಧ ತೆಗೆದು ಹೊಂದಿಸ್ತಾ ಹೋದ್ರು. ಎರಡನೇ ಆರೋಪಕ್ಕೆ ಬಂದಾಗ ಪೆನ್ಸಿಲ್ ನಿಂತೋಯ್ತು. ವಹಿ ಯಾವ ದಿನ ಕಳೀತು, ಯಾರ ವಶದಲ್ಲಿತ್ತು, ನಷ್ಟ ಎಷ್ಟು ರೂಪಾಯಿ, ಒಂದೂ ಇಲ್ಲ. ದಾಖಲೆಗಳ ಪಟ್ಟಿಯಲ್ಲಿ ಅದಕ್ಕೆ ಸಂಬಂಧಪಟ್ಟ ಒಂದೇ ಒಂದು ಕಾಗದ ಇಲ್ಲ, ಇದ್ದಿದ್ದು ಪ್ರಾಥಮಿಕ ವಿಚಾರಣಾ ವರದಿ ಮಾತ್ರ, ಆ ವರದಿ ಬರೆದವರ ಹೆಸರು ಸಾಕ್ಷಿ ಪಟ್ಟಿಯಲ್ಲೇ ಇಲ್ಲ! ನಾನು ಆ ಪಟ್ಟಿಯನ್ನ ಹತ್ತು ಸಲ ಓದಿದ್ದೆ, ಒಂದ್ಸಲನೂ ಹಿಂಗೆ ಓದಿರ್ಲಿಲ್ಲ. ಭಯದಲ್ಲಿ ಓದಿದ್ರೆ ನಮ್ಮ ಹೆಸರು ಬಿಟ್ಟು ಬೇರೇನೂ ಕಣ್ಣಿಗೆ ಬೀಳಲ್ಲ.

ಅವತ್ತು ಅವರು ಅರ್ಧ ಗಂಟೆ ಹೇಳಿದ್ದನ್ನ ನಾನು ಮನೆಗೆ ಬಂದು ಬರೆದಿಟ್ಕೊಂಡೆ. ಸಂವಿಧಾನದ 311ನೇ ವಿಧಿಯ ಎರಡನೇ ಖಂಡ, ನೌಕರನನ್ನ ವಜಾ ಮಾಡೋಕೆ, ಕೆಲಸದಿಂದ ತೆಗೆಯೋಕೆ, ದರ್ಜೆ ಇಳಿಸೋಕೆ ಮುಂಚೆ ಆರೋಪ ಏನು ಅಂತ ತಿಳಿಸಿ ವಿಚಾರಣೆ ಮಾಡಿ ಸಮಂಜಸವಾದ ಅವಕಾಶ ಕೊಡ್ಬೇಕು ಅನ್ನುತ್ತೆ. ವಿನಾಯಿತಿಗಳಿವೆ, ಕ್ರಿಮಿನಲ್ ಕೇಸಲ್ಲಿ ಶಿಕ್ಷೆ ಆದೋರಿಗೆ, ವಿಚಾರಣೆ ನಡೆಸೋದು ಸಾಧ್ಯವೇ ಇಲ್ಲ ಅಂತ ಕಾರಣ ಬರ್ದಿಟ್ರೆ, ರಾಜ್ಯದ ಭದ್ರತೆ ವಿಷಯ ಆದ್ರೆ. ನಮ್ಮಂಥ ರಾಜ್ಯ ನೌಕರರಿಗೆ ಆ ಅವಕಾಶ ಹೆಂಗೆ ಕೊಡ್ಬೇಕು ಅನ್ನೋದು 1957ರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳಲ್ಲಿದೆ, ಎಲ್ಲರೂ ಸಿಸಿಎ ಅಂತೀವಲ್ಲ ಅದು. ದೊಡ್ಡ ದಂಡನೆಗೆ 11ನೇ ನಿಯಮ, ಸಣ್ಣದಕ್ಕೆ 12. "ಇದು ಯಾರೋ ಕೊಡೋ ದಯೆ ಅಲ್ಲಮ್ಮ, ನಿಮ್ಮ ತಪ್ಪಿದ್ರೂ ಇದು ನಿಮಗೆ ಸಿಗ್ಬೇಕು, ಇಲ್ದಿದ್ರೂ ಸಿಗ್ಬೇಕು" ಅಂದ್ರು. ತಪ್ಪಿದ್ರೂ ಸಿಗ್ಬೇಕು ಅನ್ನೋ ಮಾತು ನನಗೆ ಹೊಸದು. ಅಲ್ಲೀವರೆಗೂ ನಾನು ನಿರ್ದೋಷಿ ಅಂತ ಮೊದಲು ತೋರಿಸಿದ್ರೇನೆ ಮಾತಾಡೋ ಹಕ್ಕು ಬರೋದು ಅಂದ್ಕೊಂಡಿದ್ದೆ.

ಇವರು ವಿಚಾರಣೆ ರೂಮಿಗೆ ಬರಲ್ಲ, ಇದನ್ನ ಮೊದಲೇ ತಿಳ್ಕೊಳಿ. ಲಾಯರ್ ಇಟ್ಕೊಳಕ್ಕೆ ಸಾಮಾನ್ಯವಾಗಿ ಬಿಡಲ್ಲ, ಮಂಡನಾಧಿಕಾರಿ, ಅಂದ್ರೆ ಇಲಾಖೆ ಪರ ಕೇಸ್ ಮಂಡಿಸೋರು, ಅವರೂ ಲಾಯರ್ ಆಗಿದ್ರೆ ಅಥವಾ ಶಿಸ್ತು ಪ್ರಾಧಿಕಾರಿ, ಅಂದ್ರೆ ದಂಡನೆ ತೀರ್ಮಾನ ಮಾಡೋ ಮೇಲಧಿಕಾರಿ, ಅನುಮತಿ ಕೊಟ್ರೆ ಮಾತ್ರ. ಇನ್ನೊಬ್ಬ ಸರ್ಕಾರಿ ನೌಕರರ ನೆರವು ತಗೋಬೋದು. ನನ್ನ ಜೊತೆ ಕೂತಿದ್ದು ಪಕ್ಕದ ಸೆಕ್ಷನ್ನಿನ ಅದೇ ಅಣ್ಣ, ನಾವಿಬ್ಬರೂ ಶನಿವಾರ ಸಂಜೆ ಇವರ ಹತ್ರ ಕೂತು ಪಾಠ ಕಲಿತಂಗೆ ಕಲಿತ್ವಿ. ಸರ್ ಸಾಕ್ಷಿ ಆಗ್ತಿದ್ರು, ಅಣ್ಣ ಪಾಟಿ ಸವಾಲು ಮಾಡ್ತಿದ್ರು, ಲಾಯರ್ ಮೇಡಂ ಮಧ್ಯ ನಿಲ್ಲಿಸಿ, ಈ ಪ್ರಶ್ನೆಗೆ ಉತ್ತರ ಏನು ಬರುತ್ತೆ ಅಂತ ನಿಮಗೆ ಗೊತ್ತಾ, ಗೊತ್ತಿಲ್ಲ ಅಂದ್ರೆ ಕೇಳ್ಬೇಡಿ ಅನ್ನೋರು. ಒಂದು ಪ್ರಶ್ನೆಗೆ ಒಂದೇ ವಿಷಯ. ಸಾಕ್ಷಿ ಮೇಲೆ ಕೂಗಾಡಬಾರ್ದು. ನಾನು ದೂರುದಾರರ ಬಗ್ಗೆ ಎರಡು ಪ್ಯಾರಾ ಕೆಟ್ಟದಾಗಿ ಬರ್ಕೊಂಡು ಹೋಗಿದ್ದೆ, ಅದನ್ನ ಅವರು ಸೇರಿಸಲೇ ಇಲ್ಲ. ಆಗ ಬೇಜಾರಾಗಿತ್ತು, ಈಗ ಸರಿ ಮಾಡಿದ್ರು ಅನ್ಸುತ್ತೆ.

ಇವರ ಕೆಲಸದಲ್ಲಿ ನನಗೆ ಅತಿ ಹೆಚ್ಚು ಉಪಯೋಗ ಆಗಿದ್ದು ದಾಖಲೆ ಕೇಳೋ ಅರ್ಜಿ. ನಾನಾಗಿದ್ರೆ ಎಲ್ಲಾ ದಾಖಲೆ ಕೊಡಿ ಅಂತ ಒಂದು ಸಾಲು ಬರೀತಿದ್ದೆ, ವಿಚಾರಣಾಧಿಕಾರಿಗಳು ಸಂಬಂಧ ಇಲ್ಲ ಅಂತ ಒಂದು ಸಾಲಲ್ಲಿ ತಿರಸ್ಕಾರ ಮಾಡ್ತಿದ್ರು. ಸರ್ ಬರೆಸಿದ್ದು ಹೆಂಗೆ ಅಂದ್ರೆ, ಇಂಥ ಕಡತದ ಟಿಪ್ಪಣಿ ಹಾಳೆ ಇಂಥ ಪುಟದಿಂದ ಇಂಥ ಪುಟ, ಇದು ಯಾರ ವಶದಲ್ಲಿದೆ, ಒಂದನೇ ಆರೋಪದ ಯಾವ ಸಾಲಿಗೆ ಯಾಕೆ ಬೇಕು. ಹಿಂಗೆ ಒಂಬತ್ತು ದಾಖಲೆ, ಒಂಬತ್ತಕ್ಕೂ ಕಾರಣ. ಅದರಲ್ಲಿ ಆರು ಸಿಕ್ತು. ಎರಡನ್ನ ಮಾಹಿತಿ ಹಕ್ಕಲ್ಲಿ ಬೇರೆ ಕಡೆಯಿಂದ ದೃಢೀಕೃತ ಪ್ರತಿ ತರಿಸಿದ್ವಿ. ಒಂದನ್ನ ಕೊಡಲೇ ಇಲ್ಲ, ಕೊಡಲ್ಲ ಅಂತ ಬರೆದೂ ಕೊಡಲಿಲ್ಲ, ಅದನ್ನ ಆ ದಿನದ ಆರ್ಡರ್ ಶೀಟಲ್ಲಿ ದಾಖಲು ಮಾಡ್ಸಿ ಅಂದ್ರು, ಮಾಡ್ಸಿದ್ವಿ. ಸಿಕ್ಕ ಆರರಲ್ಲಿ ಒಂದು ನನ್ನ ಹಿಂದಿನವರಿಂದ ನಾನು ಚಾರ್ಜ್ ತಗೊಂಡ ದಿನ ಏನೇನು ವಹಿಸಿಕೊಟ್ರು ಅನ್ನೋ ಪಟ್ಟಿ, ಚಾರ್ಜ್ ಲಿಸ್ಟ್ ಅಂತೀವಿ.

ಮೊದಲ ಬೈಠಕ್ಕಿಗೆ ಹೋದಾಗ ಮೊದಲ ಮೌಖಿಕ ಹೇಳಿಕೆ ತಗೊಂಡ್ರು, ಎಫ್‌ಓಎಸ್ ಅಂತಾರೆ ಅದಕ್ಕೆ, ಆರೋಪ ಒಪ್ಪಿದೀರಾ ಇಲ್ವಾ ಅಂತ. ಸರ್ ಹೇಳಿಕೊಟ್ಟಂಗೆ ಒಂದನೇದರಲ್ಲಿ ವಿಳಂಬ ಆಗಿದ್ದು ನಿಜ, ಆದ್ರೆ ಏಳು ತಿಂಗಳಲ್ಲ, ಕಾರಣ ಲಿಖಿತ ಹೇಳಿಕೆಯಲ್ಲಿದೆ, ಎರಡನೇದು ಒಪ್ಪಲ್ಲ ಅಂದೆ. ಎರಡನೇ ಬೈಠಕ್ಕಲ್ಲಿ ಮಂಡನಾಧಿಕಾರಿ ಬಂದಿರ್ಲಿಲ್ಲ. ವಿಚಾರಣಾಧಿಕಾರಿಗಳೇ ಸಾಕ್ಷಿನ ಕರೆದು ಪ್ರಶ್ನೆ ಮೇಲೆ ಪ್ರಶ್ನೆ ಕೇಳಕ್ಕೆ ಶುರು ಮಾಡಿದ್ರು, ಅದೂ ಹೆಂಗೆ, ಈ ವಹಿನ ಇವರೇ ಕಳೆದಿದ್ದು ಅಲ್ವಾ ಅಂತ. ಅಣ್ಣ ಎದ್ದು ನಿಂತು ಗೌರವದಿಂದಲೇ ಆಕ್ಷೇಪಣೆ ಓದಿದ್ರು. ಅದು ಮೊದಲೇ ರೆಡಿ ಇತ್ತು, ಸರ್ ಇಂಥದ್ದು ಆಗಬೋದು ಅಂತ ಟೈಪ್ ಮಾಡಿಸಿ ಜೇಬಲ್ಲಿ ಇಡಿ ಅಂದಿದ್ರು. ಸರೋಜ್ ಕುಮಾರ್ ಸಿನ್ಹಾ ಕೇಸಲ್ಲಿ 2010ರಲ್ಲಿ ಸುಪ್ರೀಂ ಕೋರ್ಟ್ ಹೇಳಿರೋದು, ವಿಚಾರಣಾಧಿಕಾರಿ ಇಲಾಖೆಯ ಪ್ರತಿನಿಧಿ ಅಲ್ಲ, ಸ್ವತಂತ್ರವಾಗಿ ತೀರ್ಮಾನ ಮಾಡೋರು. 2018ರ ರಾಮ್ ಲಖನ್ ಶರ್ಮಾ ಕೇಸಲ್ಲಿ ಮಂಡನಾಧಿಕಾರಿ ಇಲ್ದೆ ವಿಚಾರಣಾಧಿಕಾರಿನೇ ಇಲಾಖೆ ಪರ ವಕಾಲತ್ತು ಮಾಡ್ದಂಗೆ ಮಾಡಿದ್ರೆ ವಿಚಾರಣೆ ನಿಲ್ಲಲ್ಲ ಅಂದಿದೆ. ಓದಿ ಮುಗಿಸಿದ ಮೇಲೆ ರೂಮಲ್ಲಿ ಒಂದು ನಿಮಿಷ ಯಾರೂ ಮಾತಾಡ್ಲಿಲ್ಲ. ವಿಚಾರಣಾಧಿಕಾರಿಗಳು ಸಿಟ್ಟಾಗ್ತಾರೆ ಅಂತ ನಾನು ಹೆದರಿದ್ದೆ. ಅವರು ಸಿಟ್ಟಾಗ್ಲಿಲ್ಲ, ಮುಂದಿನ ದಿನಾಂಕ ಹಾಕಿ ಮಂಡನಾಧಿಕಾರಿಗೆ ಹಾಜರಾಗೋಕೆ ಪತ್ರ ಬರೀರಿ ಅಂತ ಹೇಳಿದ್ರು. ಅದು ಅವರ ದೊಡ್ಡತನ ಅಂತ ನಾನು ಈಗಲೂ ಹೇಳ್ತೀನಿ.

ಮೂರನೇ ಬೈಠಕ್ಕು ನಾನು ಮರೆಯಲ್ಲ. ಸಾಕ್ಷಿ ನನಗಿಂತ ಮುಂಚೆ ಅದೇ ಸೀಟಲ್ಲಿ ಇದ್ದವರು. ಅಣ್ಣ ಚಾರ್ಜ್ ಲಿಸ್ಟ್ ತೋರಿಸಿ, ಇದರಲ್ಲಿರೋದು ನಿಮ್ಮ ಸಹಿನಾ ಅಂದ್ರು, ಹೌದು. ಕ್ರಮ ಸಂಖ್ಯೆ 41 ಓದಿ ಅಂದ್ರು. ಅವರು ಕನ್ನಡಕ ಹಾಕ್ಕೊಂಡು ಓದಿದ್ರು, ವಿಲೇವಾರಿ ವಹಿ, ಷರಾ ಕಲಂನಲ್ಲಿ ಒಂದು ಅಡ್ಡಗೀಟು. ಬೇರೆ ಎಲ್ಲಾ ಸಾಲಲ್ಲೂ ನೀಡಿದೆ ಅಂತ ಇದೆ, ಇಲ್ಲಿ ಅಡ್ಡಗೀಟು ಯಾಕೆ ಅಂತ ಕೇಳಲಿಲ್ಲ, ಯಾಕೆ ಅನ್ನೋ ಪ್ರಶ್ನೆ ಬೇಡ ಅಂತ ಶನಿವಾರ ಹೇಳಿದ್ರು. ಆ ವಹಿಯನ್ನ ಆ ದಿನ ಇವರಿಗೆ ಕೊಟ್ರಾ ಅಂತಷ್ಟೇ ಕೇಳಿದ್ರು. ಫ್ಯಾನ್ ಸದ್ದು ಬಿಟ್ರೆ ಏನೂ ಇಲ್ಲ. ಅವರು ನನ್ನ ಕಡೆ ನೋಡಿ, ಆಮೇಲೆ ಟೇಬಲ್ ನೋಡಿ, ಕೊಟ್ಟಿಲ್ಲ ಅಂದ್ರು.

ಹೇಳಿಕೆ ಟೈಪ್ ಆಗಿ ಬಂತು, ಎಲ್ಲರೂ ಊಟಕ್ಕೆ ಹೊರಡೋ ಅವಸರದಲ್ಲಿ ಸಹಿ ಹಾಕ್ತಿದ್ರು. ಓದದೆ ಸಹಿ ಹಾಕಬೇಡಿ, ಎಲ್ಲರೂ ಎದ್ದು ನಿಂತ್ರೂ ನೀವು ಕೂತು ಓದಿ ಅಂತ ಸರ್ ಎಷ್ಟು ಸಲ ಹೇಳಿದ್ರೋ ಲೆಕ್ಕ ಇಲ್ಲ. ಓದ್ದೆ. ಕೊಟ್ಟಿಲ್ಲ ಅಂತ ಇರಬೇಕಾದ ಕಡೆ ಕೊಟ್ಟಿದೆ ಅಂತ ಟೈಪ್ ಆಗಿತ್ತು. ಬೇಕಂತ ಮಾಡಿದ್ದಲ್ಲ ಅದು, ಟೈಪಿಸ್ಟ್ ಪಾಪ ಬೆಳಿಗ್ಗೆಯಿಂದ ಹೊಡೀತಾನೇ ಇದ್ರು. ಆದ್ರೆ ಆ ಒಂದಕ್ಷರ ಹಂಗೇ ಹೋಗಿದ್ರೆ ವರದಿಯಲ್ಲಿ ನಾನು ವಹಿ ಪಡೆದವಳಾಗ್ತಿದ್ದೆ. ತೋರಿಸಿದೆ, ಸಾಕ್ಷಿನೂ ಹೌದು ನಾನು ಕೊಟ್ಟಿಲ್ಲ ಅಂದಿದ್ದು ಅಂದ್ರು, ತಿದ್ದಿ ಪಕ್ಕದಲ್ಲಿ ಎಲ್ಲರೂ ಚುಟುಕು ಸಹಿ ಹಾಕಿದ್ರು. ಆವತ್ತು ಬಸ್ಸಲ್ಲಿ ಬರ್ತಾ ಅಣ್ಣ ಮತ್ತು ನಾನು ಇಬ್ಬರೂ ಮಾತಾಡ್ಲಿಲ್ಲ, ಅಷ್ಟು ಸುಸ್ತಾಗಿತ್ತು.

ಪ್ರಾಥಮಿಕ ವರದಿ ಬರೆದವರನ್ನ ಇಲಾಖೆ ಕೊನೆಗೂ ಸಾಕ್ಷಿ ಮಾಡ್ಲಿಲ್ಲ. ದಾಖಲೆನ ಸುಮ್ನೆ ಫೈಲಿಗೆ ಸೇರಿಸಿದ್ರೆ ಸಾಕ್ಷ್ಯ ಆಗಲ್ಲ, ಅದರಲ್ಲಿರೋದನ್ನ ಸಾಕ್ಷಿ ಮೂಲಕ ಸಾಬೀತು ಮಾಡ್ಬೇಕು ಅಂತ 2008ರ ರೂಪ್ ಸಿಂಗ್ ನೇಗಿ ತೀರ್ಪಿದೆ, ಅದನ್ನ ನಮ್ಮ ಲಿಖಿತ ವಾದದಲ್ಲಿ ಲಾಯರ್ ಮೇಡಂ ಹಾಕಿದ್ರು. ಅಲ್ಲೀವರೆಗಿನ ಎರಡನೇ ಮೌಖಿಕ ಹೇಳಿಕೆ, ಅಂದ್ರೆ ಇಲಾಖೆ ಸಾಕ್ಷಿ ಮುಗಿದ ಮೇಲೆ ನಮ್ಮ ಸಮರ್ಥನೆ ಏನು ಅಂತ ಹೇಳೋದು, ನಮ್ಮ ವಿರುದ್ಧ ಬಂದ ಸಾಕ್ಷ್ಯದ ಬಗ್ಗೆ ವಿಚಾರಣಾಧಿಕಾರಿ ಕೇಳೋ 11(18)ರ ಪ್ರಶ್ನಾವಳಿ, ಇವೆಲ್ಲ ಬೇಗ ಮುಗೀತು. ಪ್ರಶ್ನಾವಳಿಗೆ ಹೌದು ಇಲ್ಲ ಅಂತ ಮಾತ್ರ ಬರೀಬೇಡಿ, ವಿವರಣೆ ಬರೀರಿ ಅಂದಿದ್ರು, ಅಷ್ಟೇ.

ಇಲ್ಲಿ ಒಂದು ಮಾತು, ಇದು ಕೋರ್ಟ್ ಕ್ರಿಮಿನಲ್ ಕೇಸಲ್ಲ, ಸಂಶಯಕ್ಕೆ ಎಡೆ ಇಲ್ಲದಂಗೆ ಸಾಬೀತಾಗಬೇಕು ಅಂತಿಲ್ಲ, ಯಾವ ಕಡೆ ಹೆಚ್ಚು ಸಂಭವ ಇದೆ ಅನ್ನೋದೇ ಅಳತೆ. ಇದನ್ನ ಸರ್ ಮೊದಲ ದಿನವೇ ಹೇಳಿ ಗೆಲ್ಲಿಸ್ತೀನಿ ಅನ್ನೋ ಮಾತು ನಾನು ಯಾರಿಗೂ ಹೇಳಲ್ಲ ಅಂದಿದ್ರು. ನನಗೆ ಆ ಆಫೀಸ್ ಮೇಲೆ ನಂಬಿಕೆ ಬಂದಿದ್ದೇ ಅಲ್ಲಿ.

ಬೆಂಚ್ ಮೇಲೆ ಕಾಯುವಾಗ ಬೇರೆಯವರ ಕಷ್ಟನೂ ಕೇಳಿದೀನಿ. ಒಬ್ರು ಪೊಲೀಸಿನೋರು ಬಂದಿದ್ರು, ನಿಮ್ದು ಸಿಸಿಎ ಅಲ್ಲ, ಪೊಲೀಸರಿಗೆ 1965ರ ಶಿಸ್ತು ನಡವಳಿ ನಿಯಮಗಳು ಬೇರೆ ಇವೆ ಅಂತ ಬೇರೆ ಪುಸ್ತಕ ತೆಗೆದ್ರು. ಇನ್ನೊಬ್ರು ಅಮಾನತಾಗಿದ್ದ ಪಿಡಿಓ, ಆರೋಪ ಪಟ್ಟಿನೂ ಇಲ್ಲ, ಜೀವನಾಂಶ ಭತ್ಯೆನೂ ಬಂದಿಲ್ಲ, ಮಗಳ ಫೀಸ್ ಕಟ್ಟೋಕಾಗ್ತಿಲ್ಲ ಅಂತ ಕಣ್ಣಲ್ಲಿ ನೀರು. ಅವರಿಗೆ ಸರ್ ನಮ್ಮ ಕೆಜಿಎಫ್‌ನ ಕೇಸೇ ಹೇಳಿದ್ರು, ಚಿನ್ನದ ಗಣಿಯಲ್ಲಿ ಸೆಕ್ಯುರಿಟಿ ಅಧಿಕಾರಿಯಾಗಿದ್ದ ಕ್ಯಾಪ್ಟನ್ ಪಾಲ್ ಆಂಟನಿ ಅವರದ್ದು. ಭತ್ಯೆ ಕೊಡದೆ, ವಿಚಾರಣೆಗೆ ಬರೋಕೂ ದುಡ್ಡಿಲ್ಲದಂಗೆ ಮಾಡಿ, ಅವರು ಬರಲಿಲ್ಲ ಅಂತ ಏಕಪಕ್ಷೀಯವಾಗಿ ಮುಗಿಸಿ ವಜಾ ಮಾಡಿದ್ದನ್ನ 1999ರಲ್ಲಿ ಸುಪ್ರೀಂ ಕೋರ್ಟ್ ರದ್ದು ಮಾಡ್ತು. ಅಮಾನತಿನ ಬಗ್ಗೆ 2015ರ ಅಜಯ್ ಕುಮಾರ್ ಚೌಧರಿ ತೀರ್ಪನ್ನ ಲಾಯರ್ ಮೇಡಂ ಪ್ರಿಂಟ್ ಕೊಟ್ರು, ಆರೋಪ ಪಟ್ಟಿ ಕೊಡದೆ ಮೂರು ತಿಂಗಳ ಮೇಲೆ ಅಮಾನತು ಮುಂದುವರಿಸಬಾರ್ದು ಅಂತ. ಆ ಪಿಡಿಓ ಹತ್ರ ಅವತ್ತು ಫೀ ತಗೊಳ್ಲಿಲ್ಲ, ಇದನ್ನ ನಾನೇ ಕಣ್ಣಾರೆ ನೋಡಿದ್ದು.

ನನ್ನ ಕೇಸಿಗೆ ಬರ್ತೀನಿ. ವಿಚಾರಣಾ ವರದಿ ಆದ್ಮೇಲೆ ಅದರ ಪ್ರತಿ ಕೊಟ್ಟು ನಮ್ಮ ಅಭಿಪ್ರಾಯ ಕೇಳದೆ ಶಿಸ್ತು ಪ್ರಾಧಿಕಾರಿ ತೀರ್ಮಾನ ಮಾಡಂಗಿಲ್ಲ. 1990ರ ರಂಜಾನ್ ಖಾನ್, 1993ರ ಕರುಣಾಕರ್ ಕೇಸಿಂದ ಇದು ಗಟ್ಟಿಯಾಗಿದೆ. ವರದಿಯಲ್ಲಿ ಒಂದನೇ ಆರೋಪ ಭಾಗಶಃ ಸಾಬೀತು, ಎರಡನೇದು ಸಾಬೀತಾಗಿಲ್ಲ ಅಂತ ಬಂತು. ನಾನು ಕುಣಿದಾಡಿಬಿಟ್ಟೆ. ಸರ್ ಫೋನಲ್ಲಿ ಸ್ವಲ್ಪ ತಡೀರಿ ಅಂದ್ರು. ವರದಿ ಒಪ್ಪಲೇಬೇಕು ಅಂತ ಪ್ರಾಧಿಕಾರಿಗೆ ಇಲ್ಲ, ಭಿನ್ನಾಭಿಪ್ರಾಯ ಇದ್ರೆ ಅದರ ಕಾರಣನ ಮೊದಲು ನಿಮಗೆ ಕೊಟ್ಟು ಉತ್ತರ ತಗೋಬೇಕು, 1998ರ ಕುಂಜ್ ಬಿಹಾರಿ ಮಿಶ್ರಾ ತೀರ್ಪು ಅದು, ಹಂಗೇನಾದ್ರೂ ಪತ್ರ ಬಂದ್ರೆ ಅದೇ ದಿನ ತನ್ನಿ ಅಂತ. ಬರಲಿಲ್ಲ ಪುಣ್ಯಕ್ಕೆ. ವಿಳಂಬಕ್ಕೆ ವಾಗ್ದಂಡನೆ ಅಂತ ಆದೇಶ ಬಂತು. ಮೇಲ್ಮನವಿ ಹಾಕ್ಬೋದು, ಬೇಕಾದ್ರೆ ಕೆಎಟಿಗೂ, ಅಂದ್ರೆ ಕರ್ನಾಟಕ ಆಡಳಿತ ನ್ಯಾಯಮಂಡಳಿಗೂ ಹೋಗ್ಬೋದು, ಬೆಂಗಳೂರಿಗೇ ಹೋಗ್ಬೇಕು ಅಂತಿಲ್ಲ, ಬೆಳಗಾವಿ, ಕಲಬುರಗಿಯಲ್ಲೂ ಪೀಠ ಇದೆ ಅಂದ್ರು, ಆದ್ರೆ ನೀವು ಹೋಗ್ಲೇಬೇಕು ಅಂತ ಒತ್ತಾಯ ಮಾಡ್ಲಿಲ್ಲ. ನಾನು ಹೋಗ್ಲಿಲ್ಲ. ಆ ಕಡತ ನನ್ನ ಟೇಬಲ್ ಮೇಲೆ ಎರಡು ತಿಂಗಳು ಇದ್ದಿದ್ದು ನಿಜ, ಪರಿಹಾರಕ್ಕೆ ಕಾಯ್ತಿದ್ದ ಆ ಅಜ್ಜಿ ಎರಡು ಸಲ ಬಂದು ವಾಪಸ್ ಹೋಗಿದ್ದೂ ನಿಜ. ಆ ವಾಗ್ದಂಡನೆ ನನ್ನ ಸೇವಾ ಪುಸ್ತಕದಲ್ಲಿ ಇರೋದು ನನಗೆ ನೋವಿದೆ, ಅನ್ಯಾಯ ಅನ್ಸಲ್ಲ. ಮಾಡದ ತಪ್ಪಿಗೆ ಬಂದಿದ್ರೆ ಹಿಂಗೆ ಹೇಳೋಕೆ ನನ್ನ ಕೈಲಿ ಆಗ್ತಿರ್ಲಿಲ್ಲ.

ಈಗ ಒಂದು ಸ್ಟಾರ್ ಯಾಕೆ ಕಟ್ ಮಾಡ್ದೆ ಅಂತ. ಫೋನ್ ಎತ್ತಲ್ಲ, ಮೆಸೇಜಿಗೆ ಎರಡು ದಿನ ಬಿಟ್ಟು ಉತ್ತರ, ಗಡುವು ಹತ್ರ ಬಂದಾಗ ಇದು ಜೀವ ಹಿಂಡುತ್ತೆ. ಒಂದ್ಸಲ ನನ್ನ ಲಿಖಿತ ಹೇಳಿಕೆ ಕೊಡಬೇಕಾದ ಕೊನೇ ದಿನ ಮಧ್ಯಾಹ್ನ ಮೂರಕ್ಕೆ ಪ್ರಿಂಟ್ ಸಿಕ್ತು, ಆಟೋ ಹಿಡಿದು ಓಡಿ ಆವಕ ಶಾಖೆಯಲ್ಲಿ ಸೀಲ್ ಹಾಕ್ಸಿದ್ದು ಐದೂಕಾಲಿಗೆ. ಡ್ರಾಫ್ಟ್ ಭಾಷೆ ಬಹಳ ಭಾರ, ನನ್ನ ಹೇಳಿಕೆ ನನಗೇ ಮೂರು ಸಲ ಓದಿದ್ರೆ ಅರ್ಥ ಆಗೋ ಥರ ಇತ್ತು, ಕೇಳಿದ್ರೆ ಸರಳ ಮಾಡ್ಕೊಡ್ತಾರೆ, ಆದ್ರೆ ಕೇಳ್ಬೇಕು. ಮೆಟ್ಟಿಲು ಹತ್ತಕ್ಕಾಗದ ಹಿರಿಯರಿಗೆ ಕೆಳಗೆ ಬಂದು ಮಾತಾಡ್ಸೋ ವ್ಯವಸ್ಥೆ ಇಲ್ಲ, ಪೆನ್ಶನ್ ನಿಂತಿರೋ ನಿವೃತ್ತರೂ ಇಲ್ಲಿಗೆ ಬರ್ತಾರೆ, ಅವರ ಬಗ್ಗೆ ಯೋಚಿಸ್ಬೇಕು. ಯಾರನ್ನಾದ್ರೂ ಹಿಡಿದು ಕೇಸ್ ಮುಗಿಸಿಕೊಡಿ ಅಂತ ಹೋಗೋರಿಗೆ ಈ ಆಫೀಸ್ ಅಲ್ಲ, ಅಂಥವರನ್ನ ವಾಪಸ್ ಕಳ್ಸಿದ್ದನ್ನೂ ನೋಡಿದೀನಿ.

ಹೋಗೋರು ಶನಿವಾರ ಬೆಳಿಗ್ಗೆ ಹತ್ತಕ್ಕೆ ಮುಂಚೆ ಹೋಗಿ, ಚೀಟಿ ಹನ್ನೆರಡು ಜನಕ್ಕೆ ಮಾತ್ರ. ದೋಷಾರೋಪಣಾ ಪಟ್ಟಿ ಅನುಬಂಧಗಳ ಸಮೇತ ಎರಡು ಸೆಟ್ ಜೆರಾಕ್ಸ್, ಚಾರ್ಜ್ ಲಿಸ್ಟ್ ಇದ್ರೆ ಅದು, ಮತ್ತೆ ಪಟ್ಟಿ ಬಂದ ಕವರ್. ಕವರ್ ಮೇಲಿನ ಜಾವಕ ಸಂಖ್ಯೆ, ದಿನಾಂಕ ನೋಡಿ ಗಡುವು ಲೆಕ್ಕ ಹಾಕ್ತಾರೆ. ನಾನು ಅದನ್ನ ಮುದುರಿ ಆಫೀಸಿನ ಬುಟ್ಟಿಗೆ ಹಾಕಿದ್ದೆ, ಸೋಮವಾರ ಬೆಳಿಗ್ಗೆ ಗುಡಿಸೋ ಅಮ್ಮನ್ನ ಕೇಳಿ ಹುಡುಕಿಸಿ ತಂದೆ.